ಜಾಲಂದ್ರ: ಶಬ್ದ ಮತ್ತು ಅರ್ಥ

ದೇವಾಲಯ ಶಿಲ್ಪವನ್ನು ಕುರಿತ ಬರಹಗಳಲ್ಲಿ ಜಾಲಂದ್ರ, ಜಾಲಂಧ್ರ, ಜಾಲಾಂಧ್ರ ಎಂಬ ರೂಪಗಳು ಕಾಣಸಿಗುತ್ತವೆ. ಕೊನೆಯ ರೂಪವನ್ನು ಕಂಡ ವಿದ್ಯಾರ್ಥಿಗಳು ಇದನ್ನು ‘ಜಾಲ + ಅಂಧ್ರ’ ಎಂದು ಬಿಡಿಸಿ, ‘ಅಂಧ’ ಶಬ್ದದೊಡನೆ ನಂಟು ಕಲ್ಪಿಸುವುದುಂಟು. ಬೆಳಕನ್ನು ಒಳಗೆ ತರುವ ರಚನೆಗೆ ಕುರುಡಿನ ಅರ್ಥ ಹೊಂದದು. ಇದರ ಮೂಲ ‘ಜಾಲರಂಧ್ರ’ ಎಂದು ತಿಳಿಯುವುದೇ ಯುಕ್ತ. ಒಂದೇ ಶಬ್ದದಲ್ಲಿ ಎರಡು ಬಾರಿ ಬರುವ ರೇಫಗಳಲ್ಲಿ ಮೊದಲನೆಯದು ಉಚ್ಚಾರದಲ್ಲಿ ಲೋಪವಾಗಿ ‘ಜಾಲಂಧ್ರ’ವಾಯಿತು, ಮಹಾಪ್ರಾಣವು ಅಲ್ಪಪ್ರಾಣವಾಗಿ ‘ಜಾಲಂದ್ರ’ವಾಯಿತು. ‘ಜಾಲಾಂಧ್ರ’ ಎಂಬ ದೀರ್ಘರೂಪವು ಸವರ್ಣದೀರ್ಘಸಂಧಿಯ ಭ್ರಮೆಯಿಂದ ಹುಟ್ಟಿದಂತೆ ತೋರುತ್ತದೆ.

ಸಂಸ್ಕೃತದಲ್ಲಿ ‘ಜಾಲ’ ಶಬ್ದವೊಂದೇ ಕಿಟಕಿಯನ್ನು ಸೂಚಿಸಬಲ್ಲುದು. ಅಮರಕೋಶವು ಬಲೆ, ಸಮೂಹ, ಅರಳದ ಮೊಗ್ಗು ಎಂಬ ಅರ್ಥಗಳೊಡನೆ ಗವಾಕ್ಷವನ್ನೂ ಹೇಳುತ್ತದೆ. ಕಾಳಿದಾಸನ ಮೇಘದೂತದಲ್ಲಿ ಉಜ್ಜಯಿನಿಯ ಸ್ತ್ರೀಯರ ಕೇಶಸಂಸ್ಕಾರದ ಧೂಪ ಹೊರಬರುವುದು ಇಂತಹ ‘ಜಾಲ’ಗಳಿಂದಲೇ. ಮನುಸ್ಮೃತಿಯು ತೂಕದ ಆದಿಮಾನವಾದ ತ್ರಸರೇಣುವನ್ನು, ಜಾಲದೊಳಗಿಂದ ಬೀಳುವ ಬಿಸಿಲಿನಲ್ಲಿ ಕಾಣುವ ಧೂಳಿನ ಕಣವೆಂದು ವಿವರಿಸುತ್ತದೆ.

ಕನ್ನಡಕ್ಕೆ ತನ್ನದೇ ಆದ ‘ಬಲೆ’ ಇದೆ. ತಮಿಳಿನ ‘ವಲೈ’, ತೆಲುಗಿನ ‘ವಲ’ ಇದರ ಸೋದರ ಶಬ್ದಗಳು. ಮೀನುಗಾರನಿಗೂ ಜೇಡನಿಗೂ ಬಲೆಯೇ ಉಳಿಯಿತು. ಎರವಲು ಬಂದ ‘ಜಾಲ’ವು ಇಂದ್ರಜಾಲ, ಅಂತರ್ಜಾಲ, ರಸ್ತೆಯ ಜಾಲ ಎಂಬಂತೆ ಕಲ್ಪನೆಯ, ರಚನೆಯ ಕ್ಷೇತ್ರಗಳನ್ನು ವಹಿಸಿಕೊಂಡಿತು. ಈ ಹಂಚಿಕೆಯಿಂದಲೇ ಕಲ್ಲಿನ ಹೆಣಿಗೆ ‘ಬಲೆಕಂಡಿ’ಯಾಗದೆ ಜಾಲಂದ್ರವಾಯಿತೆನ್ನಬಹುದು.

ಶ್ರವಣಬೆಳಗೊಳದ ಚಿಕ್ಕಬೆಟ್ಟದ ಚಂದ್ರಗುಪ್ತ ಬಸದಿಯಲ್ಲಿ ಈ ಶಬ್ದದ ಪೂರ್ಣಾರ್ಥ ಕಣ್ಣಿಗೆ ಕಾಣುತ್ತದೆ. ಅಲ್ಲಿಯ ಎರಡು ಜಾಲಂದ್ರಗಳಲ್ಲಿ ತಲಾ 45ರಂತೆ 90 ಚೌಕಗಳಿದ್ದು, ಭದ್ರಬಾಹು ಮತ್ತು ಚಂದ್ರಗುಪ್ತರ ವೃತ್ತಾಂತವನ್ನು ನಿರೂಪಿಸುತ್ತವೆ. 12ನೆಯ ಶತಮಾನದ ಈ ಕೃತಿಯ ಮೇಲೆ ಶಿಲ್ಪಿ ದಾಸೋಜನ ಹೆಸರು ಕೆತ್ತಿದೆ. ಕೆಲವು ಸಾಲುಗಳು ಕಥಾಕ್ರಮ ತಪ್ಪಿರುವುದನ್ನು ಆರ್. ನರಸಿಂಹಾಚಾರ್ಯರು ಗುರುತಿಸಿದ್ದರು. ಅವರು ಜಾಲಂದ್ರವನ್ನು ಅಲಂಕಾರವೆಂದು ನೋಡದೆ ಗ್ರಂಥದಂತೆ ಓದಿದ್ದರಿಂದಲೇ ಅದು ಸಾಧ್ಯವಾಯಿತು.

‘ಜಾಲ’ ಎಂದಾಗ ಎಳೆಗಳನ್ನು ನೋಡುತ್ತೇವೆ. ‘ರಂಧ್ರ’ ಎಂದಾಗ ಎಳೆಗಳ ನಡುವಣ ತೆರಪನ್ನು. ಶಿಲ್ಪಿ ಕಥೆಯನ್ನು ಉಳಿಸಿದ ಕಲ್ಲಿನಲ್ಲಿ ಇರಿಸಿ, ತೆಗೆದ ಕಲ್ಲಿನ ಜಾಗದಲ್ಲಿ ಬೆಳಕನ್ನು ಬಿಟ್ಟ. ‘ಅಂಧ್ರ’ ಎಂದು ಬಿಡಿಸಿದರೆ ಕಳೆದುಹೋಗುವುದು ಒಂದು ರೇಫವಷ್ಟೇ ಅಲ್ಲ, ಆ ತೆರಪೂ ಹೌದು.