ಕತ್ತರಿ ಹಿಡಿದ ಕೈ

ಹುಬ್ಬಳ್ಳಿಯ ಅಪ್ಸರಾ, ಸುಧಾ ಮೊದಲಾದ ಚಿತ್ರಮಂದಿರಗಳಿಂದ ಎರಡನೆಯ ಆಟ ಮುಗಿಸಿ ಹೊರಬೀಳುತ್ತಿದ್ದವರ ಮಾತನ್ನು ಕೇಳಿದವರಿಗೆ ಒಂದು ಸಂಗತಿ ಗೊತ್ತು. ನಾಯಕನ ಠೀವಿ, ನಾಯಕಿಯ ಸೀರೆ, ಹಾಡಿನ ಧಾಟಿ, ಖಳನಾಯಕನ ಮೀಸೆ, ಇಷ್ಟರ ವಿಮರ್ಶೆಯೂ ಮನೆ ಮುಟ್ಟುವುದರೊಳಗೆ ಮುಗಿದಿರುತ್ತಿತ್ತು. ‘ಸಂಕಲನ ಬಲು ಚೆನ್ನಾಗಿತ್ತು’ ಎಂದು ಒಬ್ಬರಾದರೂ ಹೇಳಿದ್ದನ್ನು ನಾನು ಕೇಳಿಲ್ಲ. ಹೇಳದಿದ್ದುದೇ ಆ ಕೆಲಸ ಚೆನ್ನಾಗಿ ಆಗಿದೆ ಎಂಬುದಕ್ಕೆ ಸಾಕ್ಷಿ ಎಂದು ಆ ಕಸುಬಿನವರು ಸಮಾಧಾನ ಪಟ್ಟುಕೊಳ್ಳುತ್ತಾರೆ.

ಸಂಕಲನ ಎಂಬ ಮಾತೇ ಸ್ವಲ್ಪ ದಾರಿ ತಪ್ಪಿಸುವಂಥದು. ಗಣಿತದಲ್ಲಿ ಸಂಕಲನವೆಂದರೆ ಕೂಡಿಸುವುದು. ನಮ್ಮ ಕಡೆಯ ಹಳೆಯ ಶಾಲೆಗಳಲ್ಲಿ ಇದಕ್ಕೆ ಬೇರೀಜು ಎನ್ನುತ್ತಿದ್ದರು. ಆದರೆ ಚಿತ್ರಪಟದ ಸಂಕಲನಕಾರರು ಮಾಡುವುದು ಬಹುಮಟ್ಟಿಗೆ ವಜಾಬಾಕಿಯ ಲೆಕ್ಕ. ಮೂವತ್ತೈದು ಮಿಲಿಮೀಟರಿನ ಫಿಲ್ಮಿನ ಒಂದು ಅಡಿಯಲ್ಲಿ 16 ಚಿತ್ರಗಳು. ಒಂದು ಸೆಕೆಂಡಿಗೆ 24 ಚಿತ್ರಗಳು ಕಣ್ಣೆದುರು ಸರಿಯುತ್ತವೆ. ಸಾವಿರ ಅಡಿಯ ಸುರುಳಿ ಹನ್ನೊಂದು ನಿಮಿಷಕ್ಕೆ ಮುಗಿಯುತ್ತದೆ. ಎರಡೂವರೆ ತಾಸಿನ ಚಿತ್ರಕ್ಕಾಗಿ ಅದರ ಎಷ್ಟೋ ಪಟ್ಟು ಫಿಲ್ಮು ಓಡಿರುತ್ತದೆ. ಅದರಲ್ಲಿ ಯಾವುದು ಉಳಿಯಬೇಕು, ಉಳಿದದ್ದು ಎಷ್ಟು ಹೊತ್ತು ನಿಲ್ಲಬೇಕು, ಯಾವುದರ ಹಿಂದೆ ಯಾವುದು ಬರಬೇಕು ಎಂದು ಕತ್ತಲೆ ಕೋಣೆಯಲ್ಲಿ ಕುಳಿತು ನಿಶ್ಚಯಿಸಬೇಕು. ರೇಡಿಯೋದ ಟೇಪಿನ ಕಾಲದಲ್ಲಿ ಭಾಷಣಕಾರರ ಕೆಮ್ಮನ್ನು ಬ್ಲೇಡಿನಿಂದ ಕತ್ತರಿಸಿ ತುದಿಗಳನ್ನು ಅಂಟಿಸುತ್ತಿದ್ದವರಿಗೆ ಇದರ ಕಷ್ಟ ಅಲ್ಪಸ್ವಲ್ಪ ತಿಳಿದಿತ್ತು. ಕೆಮ್ಮನ್ನು ತೆಗೆಯುವುದು ಸುಲಭ. ಕೆಮ್ಮಿನ ಜೊತೆಗೆ ಉಸಿರೂ ಹೋಗದಂತೆ ನೋಡಿಕೊಳ್ಳುವುದು ಕಠಿಣ.

ಈ ಕಸುಬಿನಲ್ಲಿ ನಮ್ಮ ದೇಶ ಕಂಡ ಅತ್ಯುತ್ತಮರಲ್ಲಿ ಒಬ್ಬರು ರೇಣು ಸಲೂಜಾ. ಈಕೆ ಕನ್ನಡತಿಯಲ್ಲ, 1952ರಲ್ಲಿ ದಿಲ್ಲಿಯಲ್ಲಿ ಹುಟ್ಟಿದವರು. ಆದರೂ ಈಕೆಯ ಕಥೆಯ ಒಂದು ಎಳೆ ಧಾರವಾಡಕ್ಕೆ ತಗಲುತ್ತದೆ.

ಆ ಎಳೆ ಹೋಗುವುದು ಪುಣೆಯ ಮೇಲಿಂದ. ಕೊಲ್ಲಾಪುರದಲ್ಲಿ ಹುಟ್ಟಿದ ಪ್ರಭಾತ ಕಂಪನಿ 1933ರಲ್ಲಿ ಪುಣೆಗೆ ಹೋಯಿತು. ಅದರ ಬೋಲಪಟಗಳನ್ನು ನಮ್ಮ ಹಿರಿಯರು ಆಸೆಯಿಂದ ನೋಡಿದವರು. ಕಂಪನಿ ಮುಚ್ಚಿದ ಮೇಲೆ ಅದೇ ಆವರಣದಲ್ಲಿ 1960ರಲ್ಲಿ ಸರಕಾರದ ಫಿಲ್ಮ್ ಇನ್‌ಸ್ಟಿಟ್ಯೂಟ್ ಆರಂಭವಾಯಿತು. 1974-75ರಲ್ಲಿ ಆ ಸಂಸ್ಥೆಯ ಮುಖ್ಯಸ್ಥರಾಗಿದ್ದವರು ನಮ್ಮ ಗಿರೀಶ ಕಾರ್ನಾಡರು. ಕರ್ನಾಟಕ ಕಾಲೇಜಿನಲ್ಲಿ ಓದಿ, ಮನೋಹರ ಗ್ರಂಥಮಾಲೆಯ ಅಟ್ಟವನ್ನು ಹತ್ತಿಳಿದ ಕಾರ್ನಾಡರು ‘ಕಾಡು’ ಚಿತ್ರವನ್ನು ಮುಗಿಸಿ ಅಲ್ಲಿಗೆ ಹೋದಾಗ ಮೂವತ್ತೈದು ದಾಟಿದ ತರುಣರಷ್ಟೇ. ಅವರ ಕಾಲದಲ್ಲಿ ನಟನೆಯ ವಿದ್ಯಾರ್ಥಿಗಳು ಮುಷ್ಕರ ಹೂಡಿದರು. ಮುಂದಾಳುಗಳಲ್ಲಿ ಒಬ್ಬರು ನಸೀರುದ್ದೀನ್ ಶಾ. ಆ ಜಗಳಗಂಟ ವಿದ್ಯಾರ್ಥಿಯ ಹೆಸರನ್ನೇ ಕಾರ್ನಾಡರು ಶ್ಯಾಮ ಬೆನೆಗಲ್ಲರಿಗೆ ಸೂಚಿಸಿದರೆಂಬುದೂ ‘ನಿಶಾಂತ್’ ಚಿತ್ರದಲ್ಲಿ ಅವನಿಗೆ ಪಾತ್ರ ಸಿಕ್ಕಿತೆಂಬುದೂ ಕಾರ್ನಾಡರ ದೊಡ್ಡ ಗುಣಕ್ಕೆ ಸಲ್ಲಬೇಕಾದ ಮಾತು.

ಅದೇ ಆವರಣದ ಸಂಕಲನದ ಕೋಣೆಯಲ್ಲಿ ರೇಣು ಸಲೂಜಾ ಕಲಿಯುತ್ತಿದ್ದರು. ಅವರು ಬಯಸಿ ಬಂದದ್ದು ದಿಗ್ದರ್ಶನ ಕಲಿಯಲು. ಅಲ್ಲಿ ಪ್ರವೇಶ ಸಿಗಲಿಲ್ಲ. ಸಿಕ್ಕ ಸಂಕಲನವನ್ನೇ ಹಿಡಿದರು. ಬಾಗಿಲು ಮುಚ್ಚಿದವರು ಯಾರೋ ತಿಳಿಯದು. ದಿಗ್ದರ್ಶಕಿಯೊಬ್ಬಳನ್ನು ಕಳೆದುಕೊಂಡರೋ ಏನೋ, ಸಂಕಲನ ಕಲೆಗಂತೂ ಅವರಿಂದ ಉಪಕಾರವಾಯಿತು. 1976ರಲ್ಲಿ ಶಿಕ್ಷಣ ಮುಗಿಸಿ ಈಕೆ ಮುಂಬಯಿಗೆ ಬಂದಾಗ ಅಲ್ಲಿನ ಸಂಕಲನ ಕೋಣೆಗಳಲ್ಲಿ ಹೆಂಗಸರು ತೀರ ಅಪರೂಪ. ಪುಣೆಯ ಗೆಳೆಯರ ಬಳಗವೇ ಕೈ ಹಿಡಿಯಿತು: 1980ರಲ್ಲಿ ಸಯೀದ್ ಮಿರ್ಜಾ ಅವರ ‘ಆಲ್ಬರ್ಟ್ ಪಿಂಟೋ’, 1981ರಲ್ಲಿ ವಿಧು ವಿನೋದ್ ಚೋಪ್ರಾ ಅವರ ‘ಸಜಾಯೆ ಮೌತ್’. ಚೋಪ್ರಾ ಕೆಲಕಾಲ ಈಕೆಯ ಪತಿಯೂ ಆಗಿದ್ದರು.

1983ನೆಯ ವರ್ಷ ಎರಡು ಚಿತ್ರಗಳು ಬಂದವು. ಸಂಕಲನವೆಂದರೇನು ಎಂದು ಕೇಳುವವರಿಗೆ ಆ ಎರಡನ್ನೂ ಒಟ್ಟಿಗೆ ತೋರಿಸಬೇಕು. ಗೋವಿಂದ ನಿಹಲಾನಿಯವರ ‘ಅರ್ಧ ಸತ್ಯ’ದಲ್ಲಿ ಓಂ ಪುರಿಯ ಪೋಲೀಸು ಅಧಿಕಾರಿ ಒಳಗೊಳಗೇ ಕುದಿಯುತ್ತಾನೆ, ಅಲ್ಲಿ ಕತ್ತರಿ ತಾಳ್ಮೆಯಿಂದ ಕಾಯಬೇಕು. ಕುಂದನ್ ಶಾ ಅವರ ‘ಜಾನೇ ಭೀ ದೋ ಯಾರೋ’ ನಗೆಯ ಚಿತ್ರ. ಕೊನೆಯಲ್ಲಿ ಒಂದು ಹೆಣ, ಮಹಾಭಾರತದ ನಾಟಕದ ರಂಗ, ದ್ರೌಪದಿಯ ವಸ್ತ್ರಾಪಹರಣ, ಬೆನ್ನಟ್ಟಿ ಬಂದ ಹತ್ತು ಮಂದಿ, ಎಲ್ಲ ಒಂದರ ಮೇಲೊಂದು ಬೀಳುತ್ತವೆ. ನಗೆಯ ಪ್ರಸಂಗದಲ್ಲಿ ಕಾಲು ಸೆಕೆಂಡು ತಡವಾದರೆ ನಗೆ ಸತ್ತುಹೋಗುತ್ತದೆ. ಕಂಪನಿ ನಾಟಕಗಳನ್ನು ನೋಡಿದ ನಮ್ಮವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಅಲ್ಲಿ ಆ ಎಚ್ಚರ ನಟನ ನಾಲಿಗೆಯಲ್ಲಿತ್ತು, ಇಲ್ಲಿ ಸಂಕಲನಕಾರರ ಬೆರಳಲ್ಲಿದೆ.

ಆ ಚಿತ್ರ ಮಿತಿಮೀರಿ ಉದ್ದವಾಗಿತ್ತು. ಅನುಪಮ್ ಖೇರ್ ಎಂಬ ಹೊಸ ನಟ ‘ಡಿಸ್ಕೋ ಕಿಲ್ಲರ್’ ಎಂಬ ಪಾತ್ರ ಮಾಡಿದ್ದರು. ಆ ಪಾತ್ರ ಇಡಿಯಾಗಿ ಕತ್ತರಿಗೆ ಬಲಿಯಾಯಿತು. ಹೊಟ್ಟೆಪಾಡಿಗೆ ಹೆಣಗುತ್ತಿದ್ದ ನಟನಿಗೆ ಇದು ಎಂಥ ಪೆಟ್ಟೆಂದು ಊಹಿಸಬಹುದು. ಚಿತ್ರಕ್ಕೆ ಬೇಡವಾದ ಒಳ್ಳೆಯದನ್ನು ಬಿಸಾಡುವ ಕಾಠಿಣ್ಯ ಈ ಕಸುಬಿಗೆ ಅಂಟಿಬಂದ ಪಾಪ ಎಂದೇ ನನಗೆ ತೋರುತ್ತದೆ. ಮುಂದೆ 1989ರ ‘ಪರಿಂದಾ’ದಲ್ಲಿ ಅದೇ ಖೇರ್ ಪೋಲೀಸು ಅಧಿಕಾರಿಯ ಪಾತ್ರ ಮಾಡಿದರು. ಗೆಳೆಯನ ಕಣ್ಣೆದುರಿಗೆ ಅವರ ಕೊಲೆಯಾಗುತ್ತದೆ. ಸುತ್ತ ಪಾರಿವಾಳಗಳು ಹಾರುತ್ತವೆ. ಆ ದೃಶ್ಯವನ್ನು ಯಾರೂ ಮರೆಯದಂತೆ ಕಟ್ಟಿದ್ದು ಹಿಂದೆ ಅವರನ್ನು ಕತ್ತರಿಸಿ ಹಾಕಿದ ಕೈಯೇ.

‘ಪರಿಂದಾ’ ಈಕೆಗೆ ಮೊದಲ ರಾಷ್ಟ್ರಪ್ರಶಸ್ತಿಯನ್ನು ತಂದಿತು. 1991ರ ‘ಧಾರಾವಿ’, 1993ರ ‘ಸರದಾರ್’, 1998ರ ‘ಗಾಡ್‌ಮದರ್’ ಇನ್ನು ಮೂರನ್ನು ತಂದವು. ನಡುವೆ 1995ರ ಸಾಲಿನ ಸಂಕಲನದ ಪ್ರಶಸ್ತಿ ‘ಬಾಂಬೆ’ ಚಿತ್ರಕ್ಕಾಗಿ ಕನ್ನಡಿಗರಾದ ಸುರೇಶ್ ಅರಸ್ ಅವರಿಗೆ ಸಂದಿತು. ಮಣಿರತ್ನಂ ಅವರ ‘ದಳಪತಿ’, ‘ರೋಜಾ’ಗಳೂ ಅರಸರ ಕೈಯಲ್ಲೇ ಸಿದ್ಧವಾದವು ಎಂಬುದನ್ನು ನಮ್ಮಲ್ಲಿ ಎಷ್ಟು ಜನ ಬಲ್ಲರು? ಶೇಖರ್ ಕಪೂರರ ‘ಬ್ಯಾಂಡಿಟ್ ಕ್ವೀನ್’ ರೇಣು ಅವರದೇ ಸಂಕಲನ. ಅದೇ ವರ್ಷದ ‘1942: ಎ ಲವ್ ಸ್ಟೋರಿ’ಯೂ ಅವರದೇ. ಒಂದು ಮೈ ಸುಡುವ ಚಿತ್ರ, ಇನ್ನೊಂದು ಹಾಡುಗಳ ತೋಟ.

2000ನೆಯ ಇಸವಿಯ ಫೆಬ್ರುವರಿಯಲ್ಲಿ ಕಮಲಹಾಸನರ ‘ಹೇ ರಾಮ್’ ತೆರೆ ಕಂಡಿತು. ಅದರಲ್ಲಿ ಗಾಂಧೀಜಿಯಾದವರು ನಸೀರುದ್ದೀನ್ ಶಾ. ಓಂ ಪುರಿಯೂ ಅದರಲ್ಲಿದ್ದರು. ನಾಯಕನ ಮಾವ ಉಪ್ಪಿಲಿ ಅಯ್ಯಂಗಾರ್ಯರ ಪಾತ್ರ ನಮ್ಮ ಕಾರ್ನಾಡರದು. ಸಂಕಲನ ರೇಣು ಸಲೂಜಾ. ಪುಣೆಯಲ್ಲಿ ಒಬ್ಬರು ಅಧ್ಯಕ್ಷಪೀಠದಲ್ಲಿದ್ದರು, ಒಬ್ಬರು ಮುಷ್ಕರದಲ್ಲಿದ್ದರು, ಒಬ್ಬಾಕೆ ಕತ್ತಲೆ ಕೋಣೆಯಲ್ಲಿದ್ದರು. ಇಪ್ಪತ್ತೈದು ವರ್ಷಗಳ ಅನಂತರ ಮುಖ್ಯಸ್ಥರ ಮಾತೂ ಮೌನವೂ ಹಳೆಯ ವಿದ್ಯಾರ್ಥಿನಿಯ ಮೇಜಿನ ಮೇಲೆ ಬಂದು ಬಿದ್ದವು. ಎಷ್ಟು ಇಡಬೇಕು, ಎಷ್ಟು ತೆಗೆಯಬೇಕು ಎಂಬುದನ್ನು ಆಕೆ ನೋಡಿಕೊಂಡರು.

ಅದೇ ವರ್ಷ ಆಗಸ್ಟ್ 16ರಂದು ರೇಣು ಸಲೂಜಾ ಅರ್ಬುದ ರೋಗದಿಂದ ಮುಂಬಯಿಯಲ್ಲಿ ತೀರಿಕೊಂಡರು. ಆಗ ಅವರಿಗೆ 48 ವರ್ಷ. ಮುಂದೆ ಪುಣೆಯ ಹಳೆಯ ವಿದ್ಯಾರ್ಥಿಗಳ ಸಂಘ ಅವರ ಕೆಲಸದ ಬಗೆಗೆ ಒಂದು ಇಂಗ್ಲಿಷ್ ಪುಸ್ತಕವನ್ನು ಹೊರತಂದಿತು. ಅದಕ್ಕೆ ಇಟ್ಟ ಹೆಸರು ‘ಇನ್‌ವಿಸಿಬಲ್’, ಕಣ್ಣಿಗೆ ಕಾಣದ್ದು.