ಧಾರೆ ಎರೆಯದೆ ಬಿಟ್ಟ ದತ್ತಿ

ಸಂಬಳ ಬಂದು ಬಾಡಿಗೆ, ಇಎಂಐ ಎಲ್ಲ ಕಳೆದ ಮೇಲೆ ಯಾವುದೋ ಒಂದು ರಾತ್ರಿ ಬ್ಯಾಂಕ್ ಸ್ಟೇಟ್‌ಮೆಂಟ್ ತೆರೆಯುವ ಧೈರ್ಯ ಬರುತ್ತದೆ. ಅಮೃತಹಳ್ಳಿಯ ಪಿಜಿ ರೂಮುಗಳಲ್ಲಿ, ಮಾನ್ಯತಾ ಟೆಕ್ ಪಾರ್ಕಿಗೆ ಹೋಗಿಬರುವವರ ಬಾಡಿಗೆ ಮನೆಗಳಲ್ಲಿ ಈ ಓದು ಸಾಮಾನ್ಯವಾಗಿ ಹಾಸಿಗೆಯ ಮೇಲೆ ಬಿದ್ದುಕೊಂಡೇ ನಡೆಯುತ್ತದೆ. ಒಂದು ಸಾಲಿಗೆ ಬೆರಳು ನಿಲ್ಲುತ್ತದೆ. ಮೊದಲು 'ಎಸಿಎಚ್ ಡಿ', ಆಮೇಲೆ 'ಫೌಂಡ' ಅಂತ ಅರ್ಧಕ್ಕೇ ತುಂಡಾದ ಒಂದು ಹೆಸರು, ಆಮೇಲೆ ಮಾರುದ್ದದ ಸಂಖ್ಯೆ, ಕೊನೆಗೆ 500 ರೂಪಾಯಿ. ಯಾವ ಫೌಂಡೇಶನ್? ಯಾವಾಗ ಕೊಟ್ಟೆ? ಐನೂರಕ್ಕೆ ಯಾರು ಬ್ಯಾಂಕಿಗೆ ಅಲೀತಾರೆ ಅಂತ ಬಿಟ್ಟುಬಿಡ್ತೀವಿ. ಮುಂದಿನ ತಿಂಗಳು ಅದೇ ತಾರೀಖಿಗೆ ಅದೇ ಸಾಲು.

ದಾನ ಕೊಟ್ಟವರಿಗೇ ತಾವು ಏನು, ಯಾರಿಗೆ, ಯಾತಕ್ಕೆ ಕೊಟ್ಟೆವು ಅಂತ ಗೊತ್ತಿಲ್ಲ. ಕನ್ನಡ ನಾಡಿನ ಮಟ್ಟಿಗೆ ಇದು ತೀರಾ ಹೊಸ ಪರಿಸ್ಥಿತಿ. ಯಾಕಂದ್ರೆ ನಮ್ಮ ಹಳೆಯ ಚರಿತ್ರೆಯ ಬಹುಪಾಲು ನಮಗೆ ಸಿಕ್ಕಿರೋದೇ ದಾನದ ಲೆಕ್ಕದ ರೂಪದಲ್ಲಿ.

ನಮ್ಮ ಸುತ್ತಮುತ್ತಲೇ ನೋಡಿ. ಪಕ್ಕದ ಹೆಬ್ಬಾಳದಲ್ಲಿ 2018ರಲ್ಲಿ ಮತ್ತೆ ಬೆಳಕಿಗೆ ಬಂದ ಕಲ್ಲು ಕ್ರಿ.ಶ. 750ರ ಸುಮಾರಿನದು, ಗಂಗರ ಶ್ರೀಪುರುಷನ ಕಾಲದ್ದು. ಅದು ದಾನದ ಕಲ್ಲಲ್ಲ, ಕಿತ್ತಯ್ಯ ಅನ್ನೋ ವೀರ ಹೋರಾಡಿ ಸತ್ತದ್ದನ್ನು ಹೇಳುವ ವೀರಗಲ್ಲು. ಆದರೆ ಬಿ.ಎಲ್. ರೈಸ್ 1905ರಲ್ಲಿ ಪ್ರಕಟಿಸಿದ 'ಎಪಿಗ್ರಾಫಿಯಾ ಕರ್ನಾಟಿಕಾ'ದ ಬೆಂಗಳೂರು ಜಿಲ್ಲೆಯ ಸಂಪುಟ ತಿರುವಿದರೆ ಪುಟಪುಟಕ್ಕೂ ದತ್ತಿಗಳೇ. ಭೂಮಿ ಬಿಟ್ಟದ್ದು, ಊರು ಬಿಟ್ಟದ್ದು.

ದಾನಶಾಸನದ ಕಟ್ಟು ಬಹುತೇಕ ಒಂದೇ. ಯಾವ ಅರಸನ ಕಾಲ, ಯಾವ ತಿಥಿ, ಕೊಟ್ಟವರು ಯಾರು, ಪಡೆದವರು ಯಾರು, ಯಾವ ಕೆಲಸಕ್ಕೆ, ಎಷ್ಟು ನೆಲ, ಅದರ ಎಲ್ಲೆ ಎಲ್ಲಿಂದ ಎಲ್ಲಿಗೆ. ಈ ಎಲ್ಲೆಯ ಭಾಗ ಓದೋಕೆ ಬೋರು ಅನಿಸಬಹುದು: ಮೂಡಲಿಗೆ ಇಂಥ ಬಂಡೆ, ತೆಂಕಲಿಗೆ ಇಂಥ ಹಳ್ಳ. ಆದರೆ ಜಗಳ ಬರೋದು ಅಲ್ಲೇ ಅಂತ ಬರೆಸಿದವರಿಗೆ ಗೊತ್ತಿತ್ತು. ಕೊನೆಗೆ ದತ್ತಿಯನ್ನು ಅಳಿಸಿದವನಿಗೆ ಶಾಪ. ನಡುವೆ ಒಂದು ಮಾತು ಮತ್ತೆ ಮತ್ತೆ ಬರುತ್ತದೆ, ಧಾರಾಪೂರ್ವಕ. ಕೈಮೇಲೆ ನೀರು ಬಿಟ್ಟು, ಜನರ ಎದುರಿಗೆ, 'ಕೊಟ್ಟೆ' ಅನ್ನೋದು. ಮದುವೆಯಲ್ಲಿ ಇವತ್ತಿಗೂ ನೋಡ್ತೀವಲ್ಲ, ಅದೇ ಧಾರೆ. ನೀರು ಬೀಳುವ ತನಕ ದಾನ ದಾನವಲ್ಲ. ಇವತ್ತಿನ ಭಾಷೆಯಲ್ಲಿ ಹೇಳೋದಾದ್ರೆ ಅದೇ ಓಟಿಪಿ.

ಹಾಗಾದರೆ ಕೊಳ್ಳುವ ಸಾಮಾನಿನ ಜೊತೆ ಒಂದಿಷ್ಟು ಧರ್ಮದ ದುಡ್ಡು ಸೇರಿಸೋದು ಆಪ್‌ಗಳು ಕಂಡುಹಿಡಿದದ್ದೇ? ಅಲ್ಲ. ಅಯ್ಯಾವೊಳೆ ಐನೂರ್ವರಂಥ ವರ್ತಕರ ಸಂಘಗಳು ತಾವು ಸಾಗಿಸುವ ಸರಕಿನ ಮೇಲೆ, ಹೇರಿಗೆ ಇಷ್ಟು ಅಂತ, ದೇವಸ್ಥಾನ ಬಸದಿಗಳಿಗೆ ಬಿಟ್ಟುಕೊಟ್ಟ ಶಾಸನಗಳು ಬೇಕಾದಷ್ಟಿವೆ. ರಟ್ಟರ ನಾಲ್ಕನೇ ಕಾರ್ತವೀರ್ಯನ ಕಾಲದಲ್ಲಿ, 1204ರಲ್ಲಿ, ಬೆಳಗಾವಿಯ ಜಿನಾಲಯಕ್ಕೆ ವರ್ತಕರು ಹೀಗೆ ಬಿಟ್ಟ ಆಯದ ವಿವರ ಕಲ್ಲಿನ ಮೇಲಿದೆ. ಆ ಕಲ್ಲು ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿದೆ, ಅದು ಬೇರೆ ಕಥೆ. ಅಂದರೆ 'ಪ್ರತಿ ಟಿಕೆಟ್‌ಗೆ 1 ರೂಪಾಯಿ' ಅನ್ನೋ ಲೆಕ್ಕಾಚಾರಕ್ಕೆ 800 ವರ್ಷ ವಯಸ್ಸು. ವ್ಯತ್ಯಾಸ ಇಷ್ಟೇ: ಅಲ್ಲಿ ಕೊಡುವ ವರ್ತಕರೇ ಸೇರಿ ತೀರ್ಮಾನಿಸಿ, ಎಲ್ಲರಿಗೂ ಕಾಣುವ ಹಾಗೆ ಬರೆಸಿದರು. ಇಲ್ಲಿ ತೀರ್ಮಾನ ಮಾಡಿದವರು ಒಬ್ಬರು, ಕೊಟ್ಟವರು ಇನ್ನೊಬ್ಬರು.

ಮಧ್ಯೆ ಮನಿಯಾರ್ಡರ್ ಕಾಲ ಬಂತು. 1880ರಿಂದ ಅಂಚೆ ಇಲಾಖೆ ಈ ಕೆಲಸ ವಹಿಸಿಕೊಂಡ ಮೇಲೆ ಮಠಕ್ಕೋ ಅನಾಥಾಶ್ರಮಕ್ಕೋ ದುಡ್ಡು ಕಳಿಸುವವರು ಫಾರಂ ತುಂಬಿದರು. ಅದರಲ್ಲಿ ನಾಲ್ಕು ಸಾಲು ಬರೆಯೋಕೆ ಜಾಗವಿತ್ತು, ಪಡೆದವರ ಸಹಿ ಕಳಿಸಿದವರಿಗೆ ವಾಪಸ್ ಬರುತ್ತಿತ್ತು. ನಿಧಾನ ನಿಜ, ಆದರೆ ಎರಡೂ ತುದಿಯಲ್ಲಿ ಮನುಷ್ಯರ ಹೆಸರಿತ್ತು.

ತಿರುವು ಬಂದದ್ದು 1990ರ ದಶಕದಲ್ಲಿ, ರಿಸರ್ವ್ ಬ್ಯಾಂಕ್ ಇಸಿಎಸ್ ತಂದಾಗ. ಒಮ್ಮೆ ಸಹಿ ಹಾಕಿದರೆ ಪ್ರತಿ ತಿಂಗಳೂ ಹಣ ತಾನಾಗಿಯೇ ಹೋಗುವ ವ್ಯವಸ್ಥೆ. ಕರೆಂಟ್ ಬಿಲ್ಲಿಗೆ, ಸಾಲದ ಕಂತಿಗೆ ಹೇಳಿ ಮಾಡಿಸಿದ ಹಾಗಿತ್ತು. ಆಮೇಲೆ ಎನ್‌ಪಿಸಿಐ ನಡೆಸುವ ನ್ಯಾಚ್ ಅದರ ಜಾಗಕ್ಕೆ ಬಂತು. ಸ್ಟೇಟ್‌ಮೆಂಟಿನ 'ಎಸಿಎಚ್' ಅದೇ. ಮಾಲ್ ಬಾಗಿಲಲ್ಲಿ, ಟೆಕ್ ಪಾರ್ಕಿನ ಫುಡ್ ಕೋರ್ಟಿನ ಹತ್ತಿರ ಟ್ಯಾಬ್ ಹಿಡಿದು, ಕೊರಳಿಗೆ ಐಡಿ ಹಾಕಿಕೊಂಡು 'ಸರ್, ಎರಡೇ ನಿಮಿಷ' ಅನ್ನುವ ಹುಡುಗ ಹುಡುಗಿಯರು ನಮ್ಮಿಂದ ಕೇಳೋದು ಇಂಥ ಮ್ಯಾಂಡೇಟನ್ನೇ. ಅವರು ಮೋಸಗಾರರಲ್ಲ. ಬಹಳಷ್ಟು ಸಂಸ್ಥೆಗಳು ಅಸಲಿ, ಕೆಲಸವೂ ಒಳ್ಳೆಯದೇ. ಆದರೆ ಊಟದ ಹೊತ್ತಲ್ಲಿ ಮಗುವಿನ ಫೋಟೋ ನೋಡಿ ಕರಗಿ ಹಾಕಿದ ಸಹಿ ಒಂದು ಸಲದ್ದಲ್ಲ, ತಿಂಗಳಿಗೊಂದರಂತೆ ವರ್ಷಗಟ್ಟಲೆಯದು ಅನ್ನೋದು ಎಷ್ಟು ಜನಕ್ಕೆ ನೆನಪಿರುತ್ತೆ? ನ್ಯಾಚ್‌ನ ಕಾಗದದ ಫಾರಂನಲ್ಲಿ 'ರದ್ದು ಮಾಡುವವರೆಗೆ' ಅಂತಲೇ ಒಂದು ಚೌಕವಿತ್ತು. ಶಾಸನದವರು ಇದನ್ನೇ 'ಆಚಂದ್ರಾರ್ಕ' ಅಂದರು, ಸೂರ್ಯಚಂದ್ರರು ಇರುವವರೆಗೆ. ಅವರಿಗೆ ಅದು ಗೊತ್ತಿದ್ದೇ ಬರೆಸಿದ್ದು.

ಎರಡನೇ ದಾರಿ ಮೊದಲೇ ಟಿಕ್ ಹಾಕಿದ ಚೌಕ. ಇದರ ಶಕ್ತಿ ಗೊತ್ತಾಗಬೇಕಾದರೆ 2003ರಲ್ಲಿ 'ಸೈನ್ಸ್' ಪತ್ರಿಕೆಯಲ್ಲಿ ಜಾನ್ಸನ್ ಮತ್ತು ಗೋಲ್ಡ್‌ಸ್ಟೀನ್ ಬರೆದ ಲೇಖನ ನೋಡಬೇಕು, ಅದೂ ದಾನದ ಬಗ್ಗೆಯೇ, ಅಂಗದಾನ. ಜರ್ಮನಿಯಲ್ಲಿ ಒಪ್ಪಿಗೆ ಕೊಟ್ಟವರು ಶೇ. 12, ಪಕ್ಕದ ಆಸ್ಟ್ರಿಯಾದಲ್ಲಿ ಶೇ. 99ಕ್ಕೂ ಹೆಚ್ಚು. ಆಸ್ಟ್ರಿಯಾದವರು ಅಷ್ಟು ಉದಾರಿಗಳು ಅಂತಲ್ಲ. ಅಲ್ಲಿ 'ಬೇಡ' ಅಂತ ಹೇಳದಿದ್ದರೆ 'ಬೇಕು' ಅಂತಲೇ ಲೆಕ್ಕ. ವೆಬ್‌ಸೈಟ್ ಕಟ್ಟುವವರಿಗೆ ಈ ಗುಟ್ಟು ಬೇಗ ಸಿಕ್ಕಿತು. 2010ರಲ್ಲಿ ಬ್ರಿಟನ್ನಿನ ವಿನ್ಯಾಸಕಾರ ಹ್ಯಾರಿ ಬ್ರಿಗ್ನಲ್ ಇಂಥ ಆಟಗಳಿಗೆಲ್ಲ 'ಡಾರ್ಕ್ ಪ್ಯಾಟರ್ನ್' ಅಂತ ಹೆಸರಿಟ್ಟರು.

ಎಷ್ಟು ದೂರ ಹೋಗಬಹುದು ಅನ್ನೋದಕ್ಕೆ ಅಮೆರಿಕದ 2020ರ ಚುನಾವಣೆ ಸಾಕ್ಷಿ. ಟ್ರಂಪ್ ಪ್ರಚಾರಕ್ಕೆ ವಿನ್‌ರೆಡ್ ಮೂಲಕ ಒಮ್ಮೆ ಹಣ ಕೊಟ್ಟವರ ಖಾತೆಯಿಂದ ವಾರವಾರವೂ ಹಣ ಹೋಯಿತು. ದೇಣಿಗೆ ಪುಟದಲ್ಲಿ ಮೊದಲೇ ಟಿಕ್ ಹಾಕಿದ್ದ ಚೌಕ, ಅದರ ಮೇಲೆ ದಪ್ಪಕ್ಷರದ ಘೋಷಣೆ, ನಿಜವಾದ ಷರತ್ತು ಕೆಳಗೆ ಸಣ್ಣಕ್ಷರದಲ್ಲಿ. ಬ್ಯಾಂಕುಗಳಿಗೆ 'ಇದು ವಂಚನೆ' ಅಂತ ದೂರುಗಳ ಸುರಿಮಳೆ. ಪ್ರಚಾರ ತಂಡ ಮತ್ತು ಪಕ್ಷ ಸೇರಿ ವಾಪಸ್ ಕೊಟ್ಟ ಹಣ 12 ಕೋಟಿ ಡಾಲರಿಗೂ ಹೆಚ್ಚು ಅಂತ 2021ರ ಏಪ್ರಿಲ್‌ನಲ್ಲಿ 'ನ್ಯೂಯಾರ್ಕ್ ಟೈಮ್ಸ್' ವರದಿ ಮಾಡಿತು. ಕೊಟ್ಟವರು ಆ ಪಕ್ಷದ ಅಭಿಮಾನಿಗಳೇ. ಅಭಿಮಾನ ಇದ್ದವರ ಜೇಬಿಗೇ ಕೈ ಹಾಕೋದು ಸುಲಭ. ಮರು ತಿಂಗಳೇ ಅಲ್ಲಿನ ಚುನಾವಣಾ ಆಯೋಗ, ಇಂಥ ಚೌಕಗಳನ್ನು ನಿಷೇಧಿಸಿ ಅಂತ ಸಂಸತ್ತಿಗೆ ಒಮ್ಮತದಿಂದ ಶಿಫಾರಸು ಮಾಡಿತು.

ನಮ್ಮಲ್ಲಿ ಮೊತ್ತ ಚಿಕ್ಕದು, ಜನ ಜಾಸ್ತಿ. ಬುಕ್‌ಮೈಶೋದಲ್ಲಿ ಸಿನಿಮಾ ಟಿಕೆಟ್ ತಗೊಂಡರೆ ಅವರದೇ ಬುಕ್‌ಎಸ್ಮೈಲ್‌ಗೆ ಟಿಕೆಟ್ಟಿಗೆ 1 ರೂಪಾಯಿ ತಾನಾಗಿಯೇ ಸೇರಿಕೊಳ್ಳುತ್ತಿದ್ದದ್ದು ಬಹಳ ಜನಕ್ಕೆ ನೆನಪಿರಬಹುದು. ರೂಪಾಯಿಗೆ ಯಾರು ಜಗಳ ಆಡ್ತಾರೆ? ಆದರೂ ಜನ ಆಡಿದರು, ಅದು ಒಳ್ಳೇದಾಯ್ತು. 2023ರ ನವೆಂಬರ್ 30ರಂದು ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ ಡಾರ್ಕ್ ಪ್ಯಾಟರ್ನ್‌ಗಳ ಮಾರ್ಗಸೂಚಿ ಹೊರಡಿಸಿತು. ಅದರಲ್ಲಿ ಹೆಸರಿಸಿದ 13 ಬಗೆಗಳಲ್ಲಿ ಒಂದು 'ಬಾಸ್ಕೆಟ್ ಸ್ನೀಕಿಂಗ್': ಗಿರಾಕಿಯ ಒಪ್ಪಿಗೆಯಿಲ್ಲದೆ ಬುಟ್ಟಿಗೆ ಏನನ್ನೋ ಸೇರಿಸೋದು. ಅದರ ವ್ಯಾಖ್ಯೆಯಲ್ಲೇ ಧರ್ಮಾರ್ಥ ದೇಣಿಗೆಯ ಉಲ್ಲೇಖವಿದೆ. ಇಲಾಖೆ ಮಧ್ಯೆ ಪ್ರವೇಶಿಸಿದ ಮೇಲೆ ಆ 1 ರೂಪಾಯಿ ಬೇಕೋ ಬೇಡವೋ ಅನ್ನೋ ಆಯ್ಕೆ ಗಿರಾಕಿಗೆ ಸಿಕ್ಕಿತು.

ಮೂರನೇ ದಾರಿ ಶುದ್ಧ ಕಳ್ಳತನ. ಕದ್ದ ಕಾರ್ಡ್ ನಂಬರ್ ಇನ್ನೂ ಜೀವಂತ ಇದೆಯಾ ಅಂತ ನೋಡೋಕೆ ಕಳ್ಳರು ಯಾವುದೋ ಚಾರಿಟಿಯ ಪುಟದಲ್ಲಿ ಸಣ್ಣ ಮೊತ್ತ ದಾನ ಮಾಡಿ ಪರೀಕ್ಷಿಸ್ತಾರೆ. ದಾನದ ಪುಟಗಳಲ್ಲಿ ಮೊತ್ತ ನಮ್ಮಿಷ್ಟ, ವಿಳಾಸಕ್ಕೆ ಸಾಮಾನು ಕಳಿಸೋ ತಾಪತ್ರಯವಿಲ್ಲ. 2009ರ ಆಗಸ್ಟ್‌ನಿಂದ ನಮ್ಮ ದೇಶದೊಳಗಿನ ಆನ್‌ಲೈನ್ ಕಾರ್ಡ್ ವಹಿವಾಟಿಗೆ ಎರಡನೇ ದೃಢೀಕರಣ ಕಡ್ಡಾಯವಾದ್ದರಿಂದ ಇಲ್ಲಿ ಇದು ಕಷ್ಟ. ಹೊರದೇಶದ ಎಷ್ಟೋ ಸೈಟುಗಳಿಗೆ ಓಟಿಪಿಯ ಹಂಗಿಲ್ಲ. ಡಾಲರಿನಲ್ಲಿ ಒಂದೆರಡು ರೂಪದ 'ಡೊನೇಶನ್' ಕಂಡರೆ ಅದು ಸಣ್ಣದು ಅಂತ ಬಿಡಬೇಡಿ. ದೊಡ್ಡದು ಹಿಂದೆಯೇ ಬರ್ತಿರುತ್ತೆ. ಕೂಡಲೇ ಕಾರ್ಡ್ ಬ್ಲಾಕ್ ಮಾಡಿ, 1930ಕ್ಕೆ ಫೋನ್ ಮಾಡಿ. ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆ ಪ್ರಕಾರ, ತಪ್ಪು ನಿಮ್ಮದೂ ಅಲ್ಲ ಬ್ಯಾಂಕಿನದೂ ಅಲ್ಲ ಅನ್ನುವ ಇಂಥ ಪ್ರಕರಣದಲ್ಲಿ ಬ್ಯಾಂಕಿನಿಂದ ಮಾಹಿತಿ ಬಂದ 3 ಕೆಲಸದ ದಿನದೊಳಗೆ ದೂರು ಕೊಟ್ಟರೆ ನಷ್ಟ ನಿಮ್ಮ ತಲೆಗಿಲ್ಲ. ಹೊಣೆ ನಿಮ್ಮದು ಅಂತ ಸಾಬೀತು ಮಾಡುವ ಭಾರವೂ ಬ್ಯಾಂಕಿನದೇ.

ಆದರೆ ಈ ಸುತ್ತೋಲೆ ಮರೆತ ಸಹಿಗೆ ಉಪಯೋಗಕ್ಕೆ ಬರಲ್ಲ. ನೀವೇ ಒಪ್ಪಿದ್ದು ವಂಚನೆ ಆಗಲ್ಲ, ಅದನ್ನು ರದ್ದು ಮಾಡಬೇಕು ಅಷ್ಟೇ. ಕಾರ್ಡಿಗೂ ಯುಪಿಐ ಆಟೋಪೇಗೂ 24 ಗಂಟೆ ಮೊದಲು ತಿಳಿಸಬೇಕು ಅನ್ನೋ ನಿಯಮ 2021ರ ಅಕ್ಟೋಬರ್‌ನಿಂದ ಗಟ್ಟಿಯಾಗಿದೆ. ಆ ಮೆಸೇಜು ಆಫರ್ ಮೆಸೇಜುಗಳ ರಾಶಿಯಲ್ಲಿ ಹೂತುಹೋಗಿರುತ್ತೆ, ಹುಡುಕಿ ನೋಡಿ. ನ್ಯಾಚ್ ಈ ನಿಯಮದ ಹೊರಗೆ. ಅದಕ್ಕೇ 'ಎಸಿಎಚ್' ಸಾಲೇ ಹೆಚ್ಚು ಗಲಿಬಿಲಿ ಮಾಡೋದು. ನೆಟ್‌ಬ್ಯಾಂಕಿಂಗ್‌ನ ಮ್ಯಾಂಡೇಟ್ ಪಟ್ಟಿಯಲ್ಲಿ ಸಂಸ್ಥೆಯ ಪೂರ್ತಿ ಹೆಸರು, ಶುರುವಾದ ದಿನ, ಗರಿಷ್ಠ ಮೊತ್ತ ಸಿಗಬೇಕು. ಸಿಗದಿದ್ದರೆ ಆ ಉದ್ದನೆ ಸಂಖ್ಯೆ ಹಿಡಿದು ಶಾಖೆಯಲ್ಲಿ ಕೇಳಿ. ಖಾತೆಯಲ್ಲಿ ದುಡ್ಡಿಲ್ಲದಂತೆ ಮಾಡಿ ತಪ್ಪಿಸಿಕೊಳ್ಳೋ ಉಪಾಯ ಬೇಡ, ಬೌನ್ಸ್ ಶುಲ್ಕ ಬೀಳುತ್ತೆ.

ಹೆಸರು ಸಿಕ್ಕ ಮೇಲೆ ಸಂಸ್ಥೆಗೆ ಮೇಲ್ ಮಾಡಿ ಫಾರಂ 10ಬಿಇ ಕೇಳಿ. 80ಜಿ ಮಾನ್ಯತೆ ಇರುವ ಸಂಸ್ಥೆಗಳು 2021-22ರ ಹಣಕಾಸು ವರ್ಷದಿಂದ ದಾನಿಗಳ ವಿವರವನ್ನು ಆದಾಯ ತೆರಿಗೆ ಇಲಾಖೆಗೆ ಸಲ್ಲಿಸಿ, ದಾನಿಗೆ ಈ ಪ್ರಮಾಣಪತ್ರ ಕೊಡಬೇಕಾಯಿತು. ಅದರಲ್ಲಿ ನಿಮ್ಮ ಹೆಸರು, ಪಾನ್, ಮೊತ್ತ, ಪಡೆದವರ ಹೆಸರು, ವಿಳಾಸ ಎಲ್ಲ ಇರುತ್ತೆ.