ಮಳೆಗೆ ಬರೆದ ಗುರುತು, ಮನುಷ್ಯನಿಗೆ ಹಾಕಿದ ಕಟ್ಟು: ಜಾವಳಿ ಸೀಮೆಯಿಂದ ಕಂಡ ನಿಸರ್ಗ ಸಂಕೇತಗಳ ಚರಿತ್ರೆ

ಮೂಡಿಗೆರೆ ತಾಲ್ಲೂಕಿನ ಜಾವಳಿಯ ಬಳಿ, ಬಲ್ಲಾಳರಾಯನ ದುರ್ಗದ ಸೆರಗಿನಲ್ಲಿ ಹೇಮಾವತಿ ಹುಟ್ಟುತ್ತದೆ. ಸುಮಾರು 245 ಕಿ.ಮೀ. ಹರಿದು ಕೃಷ್ಣರಾಜಸಾಗರದ ಹತ್ತಿರ ಕಾವೇರಿಯನ್ನು ಸೇರುತ್ತದೆ. ದುರ್ಗದ ಆಚೆ ಬದಿಗೆ ಘಟ್ಟ ಇಳಿದರೆ ಬೆಳ್ತಂಗಡಿಯ ಸೀಮೆ. ಮಳೆ, ಹುಲಿ, ಹಾವು ಈ ಮೂರಕ್ಕೂ ಅಂಜದೆ ಇಲ್ಲಿ ಬದುಕಿದವರಿಲ್ಲ. ಆ ಅಂಜಿಕೆಯಿಂದಲೇ ಜನ ಕಲ್ಲಿನಲ್ಲಿ ಗುರುತು ಕೆತ್ತಿದರು, ನೆಲದಲ್ಲಿ ಮಂಡಲ ಬರೆದರು, ಬುಟ್ಟಿಗೆ ಬಣ್ಣ ಹಚ್ಚಿದರು.

ಇಂಥ ಗುರುತುಗಳನ್ನು ಅಳೆಯಲು ವಿದ್ವಾಂಸರು ಬಹುಕಾಲ ಬಳಸಿದ್ದು ಜೇಮ್ಸ್ ಫ್ರೇಜರ್ 1890ರಲ್ಲಿ ‘ದಿ ಗೋಲ್ಡನ್ ಬೋ’ ಗ್ರಂಥದಲ್ಲಿ ಕೊಟ್ಟ ಅಳತೆಗೋಲನ್ನು. ಒಂದರಂತೆ ಇನ್ನೊಂದನ್ನು ಮಾಡಿದರೆ ಪ್ರಕೃತಿ ಅದನ್ನೇ ಅನುಸರಿಸುತ್ತದೆ ಎಂಬ ತಪ್ಪು ತಿಳಿವಳಿಕೆಯೇ ಮಾಟದ ಮೂಲ ಎಂದು ಆತ ವಾದಿಸಿದ. ಮಲೆನಾಡಿನ ಸಾಮಗ್ರಿಯನ್ನು ಹತ್ತಿರದಿಂದ ನೋಡಿದರೆ ಈ ಅಳತೆ ಸಾಲದು. ಇಲ್ಲಿನ ಗುರುತುಗಳು ಪ್ರಕೃತಿಯನ್ನು ಕರೆದು ಮನುಷ್ಯನ ನಡತೆಗೆ ಕಟ್ಟು ಹಾಕಿದವು ಎಂಬುದು ಈ ಲೇಖನದ ನಿಲುವು.

ಸೊಸೆವೂರಿನ ಹುಲಿ

ಮೂಡಿಗೆರೆ ತಾಲ್ಲೂಕಿನ ಅಂಗಡಿಯೇ ಶಾಸನಗಳ ಸೊಸೆವೂರು, ಶಶಕಪುರ, ಹೊಯ್ಸಳರ ಮೂಲಸ್ಥಾನ. ವಿಷ್ಣುವರ್ಧನನ ಕಾಲದ 1117ರ ಬೇಲೂರು ಶಾಸನದಿಂದ ಮುಂದೆ ಈ ವಂಶದ ಮೂಲಪುರುಷ ಸಳನ ಕಥೆ ಕಾಣಿಸಿಕೊಳ್ಳುತ್ತದೆ. ಅದರ ಒಂದು ಪಾಠದಲ್ಲಿ ಜೈನ ಮುನಿ ಮಂತ್ರಬಲದಿಂದ ಪದ್ಮಾವತಿ ದೇವಿಯನ್ನು ವಶಪಡಿಸಿಕೊಳ್ಳಲು ಕೂತಿರುತ್ತಾನೆ. ಆ ಸಾಧನೆಯನ್ನು ಕೆಡಿಸಲು ಹುಲಿ ಎರಗುತ್ತದೆ. ಮುನಿಯ ಮಾತಿನಂತೆ ಸಳ ಅದನ್ನು ಹೊಯ್ಯುತ್ತಾನೆ. ಅದು ವಸಂತಕಾಲವಾದ್ದರಿಂದ ದೇವಿಗೆ ವಾಸಂತಿಕೆ ಎಂಬ ಹೆಸರಾಯಿತು.

ಇತಿಹಾಸಕಾರರು ಇದನ್ನು ಐತಿಹ್ಯವೆಂದೇ ಎಣಿಸುತ್ತಾರೆ. ಆದರೆ ಐತಿಹ್ಯದ ಒಳಗಿನ ತರ್ಕ ಗಮನಾರ್ಹ. ಕಾಡಿನ ಮೃಗ ಮಂತ್ರಕ್ಕೆ ಮಣಿಯಲಿಲ್ಲ. ಮಂತ್ರವನ್ನು ಕಾಯಲು ಮನುಷ್ಯನೇ ಎದ್ದು ನಿಲ್ಲಬೇಕಾಯಿತು. ಹೊಯ್ಸಳರು ಲಾಂಛನವಾಗಿ ಆರಿಸಿಕೊಂಡದ್ದು ಆ ಗಳಿಗೆಯನ್ನು.

ಸೂರ್ಯ-ಚಂದ್ರರ ಸಾಕ್ಷಿ

ಬಿ.ಎಲ್. ರೈಸ್ ಅವರು 1901ರಲ್ಲಿ ಹೊರತಂದ ‘ಎಪಿಗ್ರಾಫಿಯಾ ಕರ್ನಾಟಿಕಾ’ದ ಆರನೆಯ ಸಂಪುಟ ಅಂದಿನ ಕಡೂರು ಜಿಲ್ಲೆಯದು, ಮೂಡಿಗೆರೆಯ ಶಾಸನಗಳು ಅದರಲ್ಲಿವೆ. ಮೂಡಿಗೆರೆಯಲ್ಲೇ ಆಗಲಿ, ಕರ್ನಾಟಕದ ಬೇರೆ ಯಾವ ಮೂಲೆಯಲ್ಲೇ ಆಗಲಿ, ಒಂದು ದಾನಶಾಸನದ ಎದುರು ಕೂತು ನೋಡಿ. ನೆತ್ತಿಯಲ್ಲಿ ಒಂದು ಬದಿಗೆ ದುಂಡನೆಯ ಸೂರ್ಯ, ಇನ್ನೊಂದು ಬದಿಗೆ ಬಾಗಿದ ಚಂದ್ರ, ನಡುವೆ ಲಿಂಗವೋ ಜಿನನೋ, ಪಕ್ಕದಲ್ಲಿ ಕರುವಿಗೆ ಹಾಲೂಡಿಸುತ್ತ ನಿಂತ ಹಸು. ಅದರ ಕೆಳಗೆ ಅಕ್ಷರ. ಓದು ಬಾರದವನಿಗೂ ಈ ಚಿತ್ರ ಅರ್ಥವಾಗುತ್ತಿತ್ತು: ಸೂರ್ಯ-ಚಂದ್ರರು ಇರುವವರೆಗೆ ಈ ಭೂಮಿ ದೇವರದು. ಕಡೆಯಲ್ಲಿ ಶಾಪಾಶಯ. ದಾನ ಕೆಡಿಸಿದವನಿಗೆ ಕವಿಲೆ ಹಸುವನ್ನು ಕೊಂದ ಪಾಪ; ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟು. ಗದ್ದೆಯ ಎಲ್ಲೆಯಲ್ಲಿ ಲಿಂಗಮುದ್ರೆಯ ಕಲ್ಲು, ವಾಮನಮುದ್ರೆಯ ಕಲ್ಲು ನೆಡುತ್ತಿದ್ದುದೂ ಇದೇ ನಂಬಿಕೆಯಿಂದ. ಇಲ್ಲಿ ಪ್ರಕೃತಿ ಸಾಕ್ಷಿ, ಕಟ್ಟುಬೀಳುವವನು ಮನುಷ್ಯ.

ಹೆಡೆಯ ಕಲ್ಲು, ಅಳಿಸುವ ಮಂಡಲ

ಘಟ್ಟದ ಮೇಲೂ ಕೆಳಗೂ ನಾಗಬನಗಳಿವೆ. ಹೆಡೆ ಬಿಚ್ಚಿದ ನಾಗರಕಲ್ಲು ಇರುವಲ್ಲಿ ಕತ್ತಿ ಹಾಕಬಾರದು, ಸೌದೆ ಒಯ್ಯಬಾರದು, ಮೈಲಿಗೆಯಲ್ಲಿ ಕಾಲಿಡಬಾರದು. ಮಾಧವ ಗಾಡ್ಗೀಳ್ ಮತ್ತು ವಿ.ಡಿ. ವರ್ತಕ್ 1976ರಲ್ಲಿ ಪಶ್ಚಿಮಘಟ್ಟದ ದೇವರಕಾಡುಗಳ ಬಗ್ಗೆ ಬರೆದ ಲೇಖನ ಇಂಥ ನಿಷೇಧಗಳು ಕಾಡನ್ನು ಉಳಿಸಿದ ಬಗೆಯನ್ನು ವಿದ್ವತ್‌ಲೋಕದ ಮುಂದಿಟ್ಟಿತು. ಕರಾವಳಿಯ ನಾಗಮಂಡಲದಲ್ಲಿ ವೈದ್ಯ ಸಮುದಾಯದವರು ಬಿಳಿ, ಹಳದಿ, ಕೆಂಪು, ಹಸಿರು, ಕಪ್ಪು ಪುಡಿಗಳಿಂದ ನೆಲದ ಮೇಲೆ ಹೆಣೆದ ಹಾವುಗಳನ್ನು ಬರೆಯುತ್ತಾರೆ. ಇರುಳಿಡೀ ಅದರ ಸುತ್ತ ಕುಣಿತ. ಸೇವೆ ಮುಗಿದ ಮೇಲೆ ಮಂಡಲ ಅಳಿಸಿಹೋಗುತ್ತದೆ. ಉಳಿಯುವುದು ಬನದ ಮೇಲಿನ ಭಯಭಕ್ತಿ.

ಬಸುರಿ ಭೂಮಿಯ ಬುಟ್ಟಿ

ಇದೇ ಮಲೆನಾಡಿನ ಬಡಗಣ ಭಾಗದಲ್ಲಿ, ಸಾಗರ-ಸೊರಬದ ಕಡೆ, ದೀವರು ಸಮುದಾಯದ ಹೆಣ್ಣುಮಕ್ಕಳು ಭೂಮಿ ಹುಣ್ಣಿಮೆಗೆ ಭೂಮಣ್ಣಿ ಬುಟ್ಟಿ ಬರೆಯುತ್ತಾರೆ. ಬಿದಿರಿನ ಬುಟ್ಟಿಗೆ ಮೊದಲು ಕೆಮ್ಮಣ್ಣಿನ ಲೇಪ. ಪುಂಡಿನಾರಿನ ಕುಂಚವನ್ನು ಅಕ್ಕಿಹಿಟ್ಟಿನಲ್ಲಿ ಅದ್ದಿ ಎಳೆದ ಸಣ್ಣ ಬಿಳಿ ಗೆರೆಗಳು. ಕಪ್ಪಿಗೆ ಹುರಿದು ಕರಿಮಾಡಿದ ಅಕ್ಕಿ, ಹಳದಿಗೆ ಗುರಿಗೆ ಕಾಯಿ. ಹೊಡೆ ತುಂಬಿದ ಭತ್ತ ಅವರ ಪಾಲಿಗೆ ಬಸುರಿ. ಬೆಳಕು ಹರಿಯುವ ಮೊದಲೇ ಮನೆಯವರು ಆ ಬುಟ್ಟಿ ಹೊತ್ತು ಹೋಗಿ ಹತ್ತಾರು ಬಗೆಯ ಸೊಪ್ಪು ಬೇಯಿಸಿದ ಹಚ್ಚಂಬಲಿಯನ್ನು ಗದ್ದೆಗೆ ಚರಗ ಚೆಲ್ಲುತ್ತಾರೆ. ಬಸುರಿಯ ಬಯಕೆ ತೀರಿಸುವ ಈ ಆಚರಣೆಯಲ್ಲಿ ಭೂಮಿಗೆ ಅಪ್ಪಣೆ ಮಾಡುವ ದನಿಯೇ ಇಲ್ಲ.

ಕಿಗ್ಗದ ಮಳೆದೇವರು

ಶೃಂಗೇರಿ ಬಳಿಯ ಕಿಗ್ಗದ ಋಷ್ಯಶೃಂಗೇಶ್ವರನನ್ನು ಮಳೆ ಬಾರದಿದ್ದರೆ ಬರಲೆಂದೂ, ಅತಿಯಾದರೆ ನಿಲ್ಲಲೆಂದೂ ಪೂಜಿಸುತ್ತಾರೆ. ಋಷ್ಯಶೃಂಗ ಕಾಲಿಟ್ಟೊಡನೆ ಬರಗಾಲದ ಅಂಗದೇಶದಲ್ಲಿ ಮಳೆಯಾಯಿತೆಂಬ ರಾಮಾಯಣದ ಕಥೆ ಇದರ ಹಿಂದಿದೆ. ಕೈಮೀರಿದ ಅಪಾಯ ಇರುವಲ್ಲೇ ಮಾಟ ಉಳಿಯುತ್ತದೆ ಎಂದು ಮಾನವಶಾಸ್ತ್ರಜ್ಞ ಮಲಿನೋವ್‌ಸ್ಕಿ ಹೇಳಿದ್ದು ಇಲ್ಲಿಗೆ ಹೊಂದುತ್ತದೆ. ಮಾರ್ಚ್-ಏಪ್ರಿಲ್‌ನ ಹೂಮಳೆ ಕೈಕೊಟ್ಟರೆ ಕಾಫಿ ಬೆಳೆಗಾರರು ಸ್ಪ್ರಿಂಕ್ಲರ್ ಹಾಯಿಸಬಹುದು. ಮುಂಗಾರನ್ನು ಹಾಯಿಸಲಾಗದು, ನಿಲ್ಲಿಸಲೂ ಆಗದು.

2019ರ ಜೂನ್‌ನಲ್ಲಿ ಮುಜರಾಯಿ ಇಲಾಖೆ ರಾಜ್ಯದ ತನ್ನ ದೇವಾಲಯಗಳಲ್ಲಿ ಮಳೆಗಾಗಿ ಪರ್ಜನ್ಯ ಪೂಜೆ ಮಾಡಿಸಿತು. ಅದೇ ವರ್ಷದ ಆಗಸ್ಟ್‌ನಲ್ಲಿ ಮೂಡಿಗೆರೆ ತಾಲ್ಲೂಕಿನ ಮಲೆಮನೆ, ಮಧುಗುಂಡಿಯ ಗುಡ್ಡಗಳು ಮಳೆಗೆ ಕುಸಿದು ಮನೆ, ತೋಟ, ಗದ್ದೆಗಳು ಮಣ್ಣುಪಾಲಾದವು. ಪೂಜೆಗೂ ಕುಸಿತಕ್ಕೂ ಸಂಬಂಧ ಕಲ್ಪಿಸುವುದು ಸಲ್ಲದು. ಆದರೆ ಮಳೆಯನ್ನು ಬೇಡುವ ನಾವು, ಬಂದ ಮಳೆಯನ್ನು ತಾಳಿಕೊಳ್ಳುವಂತೆ ಗುಡ್ಡವನ್ನು ಇಟ್ಟುಕೊಂಡಿದ್ದೇವೆಯೇ ಎಂದು ಕೇಳಿಕೊಳ್ಳಲೇಬೇಕು.

ಸಮಾರೋಪ

ಈ ಐದೂ ನಿದರ್ಶನಗಳಲ್ಲಿ ಗುರುತಿನ ಬಲ ಅದರ ಗೆರೆಯಲ್ಲಿಲ್ಲ, ಅದಕ್ಕೆ ಅಂಟಿಕೊಂಡ ನಡತೆಯಲ್ಲಿದೆ. ಎಲ್ಲೆ ಮೀರದಿರುವುದು, ಬನಕ್ಕೆ ಕತ್ತಿ ಹಾಕದಿರುವುದು, ಉಣ್ಣುವ ಮೊದಲು ಭೂಮಿಗೆ ಬಡಿಸುವುದು, ಇವೇ ಆ ನಡತೆ. ಇಂದು ಅನೇಕ ಕಡೆ ಬನದ ಮರ ಕಡಿದು ನಾಗರಕಲ್ಲಿಗೆ ಕಾಂಕ್ರೀಟ್ ಕಟ್ಟೆ ಕಟ್ಟುತ್ತಿದ್ದಾರೆ. ಕಲ್ಲು ಅಲ್ಲೇ ಇದೆ, ಅದು ಕಾಯಬೇಕಾದ ಕಾಡು ಇಲ್ಲ. ನಿಮ್ಮೂರಿನ ಬನಕ್ಕೆ ಜೀರ್ಣೋದ್ಧಾರದ ಮಾತು ಬಂದಾಗ ಮರ ಕಡಿದು ಕಟ್ಟೆ ಕಟ್ಟಬೇಡಿ ಎಂದು ಸಭೆಯಲ್ಲಿ ಎದ್ದು ಹೇಳಿ. ಹಿರಿಯರು ನೆಟ್ಟ ಆ ಕಲ್ಲು ಕಾಯುತ್ತ ಬಂದದ್ದು ಆ ಮರಗಳನ್ನೇ.